ಪೆಟ್ಟಿಗೆಯಲ್ಲಿರುವ ಕಾಗದ
(ಸಂಘದ ರಾಜ್ಯೋತ್ಸವ ಸಮಾರಂಭದಲ್ಲಿ ಮಾಡಿದ ಭಾಷಣ)



ರಾಜ್ಯೋತ್ಸವದ ದಿನ ನುಡಿಯ ಸೊಗಸನ್ನೋ ನಾಡಿನ ಹಿರಿಮೆಯನ್ನೋ ಕುರಿತು ನಾಲ್ಕು ಮಾತಾಡುವುದು ವಾಡಿಕೆ. ಅಂಥ ದಿನ ನಾವು ಛಾಪಾ ಕಾಗದ, ರಿಜಿಸ್ಟ್ರಿ, ದಂಡ ಎಂಬ ಒಣ ವಿಷಯವನ್ನು ಹಿಡಿದು ನಿಂತಿರುವುದು ಕೆಲವರಿಗೆ ಬೇಸರ ತಂದೀತು. ಆದರೆ ಒಂದು ಮಾತು ಯೋಚಿಸಿ ನೋಡಿ. ನಾಡು ಎಂದರೆ ನೆಲ. ಮುಂಬಯಿಗೆ ಬಂದು ಎಷ್ಟು ವರ್ಷಗಳಾದರೂ ನಮ್ಮಲ್ಲಿ ಬಹುಮಂದಿಗೆ ಊರಿನಲ್ಲಿ ಒಂದು ಹಳೆಯ ಮನೆಯೋ, ಅರ್ಧ ಎಕರೆ ಹೊಲವೋ, ಸಾಲ ಮಾಡಿ ಕೊಂಡ ಮೂವತ್ತು ನಲವತ್ತರ ನಿವೇಶನವೋ ಇದ್ದೇ ಇದೆ. ಆ ನೆಲವು ನಮ್ಮದೆಂದು ಹೇಳುವ ಕಾಗದವು ಮಂಚದ ಕೆಳಗಿನ ಪೆಟ್ಟಿಗೆಯಲ್ಲಿ, ಅಮ್ಮನ ಮದುವೆಯ ಸೀರೆಯ ಅಡಿಯಲ್ಲಿ, ಮಲಗಿದೆ. ಆ ಕಾಗದದಲ್ಲಿ ಏನು ಬರೆದಿದೆ, ಅದಕ್ಕೆ ಎಷ್ಟು ಬಲವಿದೆ ಎಂಬುದನ್ನು ನಾವು ಎಂದಾದರೂ ತೆಗೆದು ನೋಡಿದ್ದೇವೆಯೆ? ಇಂದಿನ ಮಾತು ಅಷ್ಟೆ.

ನಮ್ಮ ಸಂಘದ ಹಿಂದಿನ ಕೋಣೆಯಲ್ಲಿ ನಾವು ಮೂರು ನಾಲ್ಕು ಮಂದಿ ಭಾನುವಾರ ಬೆಳಿಗ್ಗೆ ಕುಳಿತು, ಬಂದವರ ಕಾಗದಪತ್ರಗಳನ್ನು ಓದಿ ಹೇಳುವುದುಂಟು. ನಾವು ವಕೀಲರಲ್ಲ, ಕಚೇರಿಗಳಲ್ಲಿ ಕಡತಗಳ ನಡುವೆ ಆಯುಷ್ಯ ಕಳೆದವರು. ಅಲ್ಲಿ ಕಂಡದ್ದರಿಂದಲೆ ಈ ಭಾಷಣ ಹುಟ್ಟಿತು.

ಮೊದಲು ಒಂದು ಗೊಂದಲವನ್ನು ಬಿಡಿಸೋಣ. ಛಾಪಾ ಕಾಗದದ ಮೇಲೆ ಬರೆದು ಸಹಿ ಹಾಕಿದೊಡನೆ ಎಲ್ಲವೂ ಮುಗಿಯಿತೆಂದು ಬಹಳ ಜನ ತಿಳಿದಿದ್ದಾರೆ. ಹಾಗಲ್ಲ. ಮುದ್ರಾಂಕ ಬೇರೆ, ನೋಂದಣಿ ಬೇರೆ. ಮುದ್ರಾಂಕವು ಸರ್ಕಾರಕ್ಕೆ ಸಲ್ಲುವ ತೆರಿಗೆ. ನೋಂದಣಿಯು ಊರಿಗೆ ಸಾರುವ ಡಂಗುರ. ನಮ್ಮ ಹಳೆಯ ಶಾಸನಗಳನ್ನು ನೆನೆಯಿರಿ. ದಾನ ಕೊಟ್ಟ ಭೂಮಿಗೆ ಮೂಡಣಕ್ಕೆ ಏನು, ಪಡುವಣಕ್ಕೆ ಏನು ಎಂದು ನಾಲ್ಕು ದಿಕ್ಕಿನ ಎಲ್ಲೆ ಹೇಳಿ, ಸಾಕ್ಷಿಗಳನ್ನು ಹೆಸರಿಸಿ, ಅಳಿಪಿದವರಿಗೆ ವಾರಣಾಸಿಯಲ್ಲಿ ಗೋವನ್ನು ಕೊಂದ ಪಾಪವೆಂದು ಶಾಪವಿಟ್ಟು, ಆ ಕಲ್ಲನ್ನು ಗುಡಿಯ ಮುಂದೆಯೋ ಕೆರೆಯ ಏರಿಯ ಮೇಲೋ ನಿಲ್ಲಿಸುತ್ತಿದ್ದರು. ಪೆಟ್ಟಿಗೆಯಲ್ಲಿ ಮುಚ್ಚಿಡುತ್ತಿರಲಿಲ್ಲ. ಹೋಗಿ ಬರುವವರೆಲ್ಲ ಕಾಣಲೆಂಬುದೆ ಅದರ ಉದ್ದೇಶ. ಇಂದಿನ ಉಪನೋಂದಣಾಧಿಕಾರಿಯ ಕಚೇರಿಯ ಪುಸ್ತಕವು ಆ ಕಲ್ಲಿನ ಕೆಲಸವನ್ನೇ ಮಾಡುತ್ತಿದೆ.

ತೆರಿಗೆಯ ಕಥೆ ಬೇರೆ. ಕಂಪನಿ ಸರ್ಕಾರವು 1797ರಲ್ಲಿ ಬಂಗಾಳದಲ್ಲಿ ಕಾಗದಪತ್ರಗಳ ಮೇಲೆ ಮುದ್ರಾಂಕವನ್ನು ಹೇರಿತು. ಮುಂದೆ 1899ರಲ್ಲಿ ಭಾರತದ ಮುದ್ರಾಂಕ ಕಾಯಿದೆಯೂ 1908ರಲ್ಲಿ ನೋಂದಣಿ ಕಾಯಿದೆಯೂ ಬಂದವು. 1956ರ ನವೆಂಬರ್ 1ರಂದು ಮುಂಬಯಿ, ಹೈದರಾಬಾದು, ಮದರಾಸು, ಕೊಡಗು, ಮೈಸೂರು ಎಂದು ಹಂಚಿಹೋಗಿದ್ದ ಕನ್ನಡ ನೆಲ ಒಂದಾಯಿತಷ್ಟೆ. ಒಂದೊಂದು ಸೀಮೆಗೂ ಒಂದೊಂದು ಬಗೆಯ ಮುದ್ರಾಂಕದ ಕಟ್ಟಳೆ ಇತ್ತು. ಅವನ್ನು ಒಂದುಗೂಡಿಸಿದ್ದು 1957ರ ಮೈಸೂರು ಮುದ್ರಾಂಕ ಕಾಯಿದೆ. ಅದೇ ಇಂದಿನ ಕರ್ನಾಟಕ ಮುದ್ರಾಂಕ ಕಾಯಿದೆ. ಮಹಾರಾಷ್ಟ್ರಕ್ಕೆ 1958ರ ಕಾಯಿದೆ ಇದೆ. ನಮ್ಮ ಸಂವಿಧಾನವು ಹುಂಡಿ, ಚೆಕ್ಕು, ಷೇರು ವರ್ಗಾವಣೆ ಮುಂತಾದ ಕೆಲವು ಪತ್ರಗಳನ್ನು ಬಿಟ್ಟು ಉಳಿದವುಗಳ ಮುದ್ರಾಂಕದ ದರವನ್ನು ರಾಜ್ಯಗಳಿಗೆ ಒಪ್ಪಿಸಿದೆ. ಆದಕಾರಣ ಇಲ್ಲಿಯ ದರ ಅಲ್ಲಿಲ್ಲ, ನಿನ್ನೆಯ ದರ ಇಂದಿಲ್ಲ. ಕರ್ನಾಟಕದಲ್ಲಿ ನೋಂದಣಿ ಶುಲ್ಕವು 2025ರ ಆಗಸ್ಟ್ 31ರಿಂದ ಶೇಕಡಾ 1ರಿಂದ 2ಕ್ಕೆ ಏರಿತು. ಹೀಗಿರುವಾಗ ಷಡ್ಡಕರು ಹೋದ ವರ್ಷ ಕೊಟ್ಟ ಲೆಕ್ಕವನ್ನು ನಂಬಿ ಊರಿಗೆ ಹೊರಡಬಾರದು.

ಈಗ ನಾವು ಕಂಡ ಒಂದು ಮನೆತನದ ಸಂಗತಿ. ಹೆಸರು ಬೇಡ. ಧಾರವಾಡದ ಕಡೆಯವರು. ಯಜಮಾನರು ಇಲ್ಲಿ ಗಿರಣಿಯಲ್ಲಿ ದುಡಿದವರು. ಗಿರಣಿ ಮುಚ್ಚಿದಾಗ ಬಂದ ಹಣದಲ್ಲಿ ₹2 ಲಕ್ಷ ಕೊಟ್ಟು 2004ರಲ್ಲಿ ಊರಿನಲ್ಲಿ ಅಣ್ಣನ ಮಗನಿಂದ ಒಂದು ಜಾಗ ಕೊಂಡರು. ಕೊಂಡರು ಎಂದು ಅವರು ತಿಳಿದರು. ಆದದ್ದು ಇಷ್ಟು: ₹100ರ ಕಾಗದದ ಮೇಲೆ ಒಂದು ಕರಾರು, ‘ಪೂರ್ತಿ ಹಣ ಮುಟ್ಟಿದೆ, ಜಾಗದ ಕಬ್ಜಾ ಇಂದೇ ಕೊಟ್ಟಿದೆ, ತಾವು ಕರೆದಾಗ ಖರೀದಿಪತ್ರ ಮಾಡಿಕೊಡುತ್ತೇನೆ’ ಎಂಬ ಮಾತು, ಇಬ್ಬರು ಸಾಕ್ಷಿಗಳು. ಎರಡು ಕೋಣೆ ಎಬ್ಬಿಸಿದರು. ಪ್ರತಿ ವರ್ಷ ಜಾತ್ರೆಗೆ ಹೋಗಿ ಉಳಿದು ಬಂದರು. ಕರೆಯುವ ದಿನ ಮಾತ್ರ ಬರಲಿಲ್ಲ. ಅವರ ಮನೆಯವರು ನಮ್ಮೆದುರು ಹೇಳಿದ ಮಾತು ಇನ್ನೂ ಕಿವಿಯಲ್ಲಿದೆ: “ಅಣ್ಣನ ಮಗನ ಕೂಡ ರಿಜಿಸ್ಟರ್ ಏನ್ ಮಾಡ್ಸೋದು, ನಂಬಿಕಿ ಇಲ್ಲೇನು ಅಂತ ಮಂದಿ ಅಂದಾರು ಅಂದ್ರು. ರೊಕ್ಕಾನೂ ಉಳಿತದ ಅಂದ್ರು.”

ಯಜಮಾನರು ತೀರಿಕೊಂಡರು. ಆ ಅಣ್ಣನ ಮಗನೂ ತೀರಿಕೊಂಡ. ಊರ ಪಕ್ಕದಲ್ಲಿ ದೊಡ್ಡ ರಸ್ತೆ ಬಂತು, ಜಾಗಕ್ಕೆ ಬೆಲೆ ಬಂತು. ಆತನ ಮಕ್ಕಳು, “ಉತಾರದಾಗ ನಮ್ಮಪ್ಪನ ಹೆಸರೈತಿ, ಕಾಕಾ ಬಂದಾಗ ಇರ್ಲಿ ಅಂತ ಕೋಣಿ ಬಿಟ್ಟಿದ್ವಿ” ಎಂದರು. ಕರಾರಿಗೆ ಸಾಕ್ಷಿ ಹಾಕಿದ ಇಬ್ಬರಲ್ಲಿ ಒಬ್ಬರು ಬದುಕಿಲ್ಲ, ಇನ್ನೊಬ್ಬರಿಗೆ ನೆನಪಿಲ್ಲ. ತಾಯಿ ಮಕ್ಕಳು ದಾವೆ ಹೂಡಿದರು.

ನ್ಯಾಯಾಲಯದಲ್ಲಿ ಆ ಕಾಗದವನ್ನು ಮುಂದಿಟ್ಟ ಕ್ಷಣವೇ ಎದುರಿನ ವಕೀಲರು ಎದ್ದು ನಿಂತರು. ಹಣ ಮುಟ್ಟಿತೋ ಇಲ್ಲವೋ ಎಂಬ ಪ್ರಶ್ನೆಯನ್ನು ಅವರು ಎತ್ತಲೇ ಇಲ್ಲ. ಮುದ್ರಾಂಕ ಸಾಲದು ಎಂದರು, ಅಷ್ಟೆ. ಕರ್ನಾಟಕದ ಕಾಯಿದೆಯ ಪ್ರಕಾರ ಸ್ವಾಧೀನ ಬಿಟ್ಟುಕೊಡುವ ಕರಾರಿಗೆ ಖರೀದಿಪತ್ರಕ್ಕೆ ತೆರುವಷ್ಟೇ ಮುದ್ರಾಂಕ ತೆರಬೇಕು. ಕೊರತೆಯಿರುವ ಪತ್ರವನ್ನು ನ್ಯಾಯಾಧೀಶರು ಮುಟ್ಟುಗೋಲು ಹಾಕಿಕೊಳ್ಳಲೇಬೇಕು. ಕೊರತೆಯನ್ನೂ ದಂಡವನ್ನೂ ಕಟ್ಟುವವರೆಗೆ ಅದನ್ನು ಸಾಕ್ಷ್ಯವಾಗಿ ಓದುವಂತಿಲ್ಲ. ದಂಡ ಎಷ್ಟು? ಕೊರತೆಯ ಹತ್ತರಷ್ಟು. ಲೆಕ್ಕಕ್ಕೆ ಕೊರತೆ ₹20,000 ಎಂದಿಟ್ಟುಕೊಳ್ಳಿ, ದಂಡ ₹2,00,000, ಒಟ್ಟು ₹2,20,000. ಜಾಗಕ್ಕೆ ಕೊಟ್ಟ ಹಣಕ್ಕಿಂತ ಕಾಗದವನ್ನು ಓದಿಸಲು ಕೊಡುವ ಹಣ ಹೆಚ್ಚಾಯಿತು! ಅಡಿಕೆಗೆ ಹೋದ ಮಾನ ಆನೆ ಕೊಟ್ಟರೂ ಬಾರದು ಎಂದು ಹಿರಿಯರು ಸುಮ್ಮನೆ ಹೇಳಲಿಲ್ಲ.

ಇಲ್ಲಿ ಒಂದು ಸೂಕ್ಷ್ಮವನ್ನು ಗಮನಿಸಬೇಕು. ಪತ್ರವನ್ನು ಸಾಕ್ಷ್ಯಕ್ಕೆ ಒಪ್ಪಿಕೊಂಡು ನ್ಯಾಯಾಲಯವೇ ದಂಡ ವಿಧಿಸುವುದಾದರೆ ಹತ್ತರಷ್ಟಕ್ಕೆ ಕಡಿಮೆ ಮಾಡುವ ಅಧಿಕಾರ ಅದಕ್ಕಿಲ್ಲವೆಂದು ಕರ್ನಾಟಕದ ಒಂದು ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು 2018ರಲ್ಲಿ ಹೇಳಿತು. ಆದರೆ ಪತ್ರವು ನೋಂದಣಿ ಇಲಾಖೆಯ ಅಧಿಕಾರಿಯ ಬಳಿಗೆ ಹೋದರೆ ಅವರಿಗೆ ವಿವೇಚನೆಯುಂಟು. ಹತ್ತರಷ್ಟು ಎಂಬುದು ಅಲ್ಲಿ ಮೇಲಿನ ಮಿತಿ ಮಾತ್ರ. 2020ರಲ್ಲಿ ಅದೇ ಸುಪ್ರೀಂ ಕೋರ್ಟು, ಮೋಸದ ಉದ್ದೇಶದಂಥ ತೀವ್ರ ಸಂದರ್ಭಗಳಲ್ಲಲ್ಲದೆ ಅಂಥ ಅಧಿಕಾರಿಯು ಪೂರ್ಣ ಹತ್ತರಷ್ಟು ದಂಡ ಹೇರತಕ್ಕದ್ದಲ್ಲವೆಂದು ತಿಳಿಸಿತು. ಈ ಒಂದು ದಾರಿ ಗೊತ್ತಿಲ್ಲದೆ ಎಷ್ಟೋ ಜನ ದಂಡಕ್ಕೆ ಹೆದರಿ ದಾವೆಯನ್ನೇ ಕೈಬಿಡುತ್ತಾರೆ. ನಾವು ಹೇಳಿದ ಮನೆತನದವರು ಈ ದಾರಿ ಹಿಡಿದು ಸ್ವಲ್ಪ ಉಸಿರಾಡಿದರು.

ಮುದ್ರಾಂಕ ಕಡಿಮೆಯಾದ ಮಾತ್ರಕ್ಕೆ ವ್ಯವಹಾರವೇ ಸುಳ್ಳಾಗುವುದಿಲ್ಲ ಎಂಬ ಸಮಾಧಾನದ ಮಾತೂ ಇದೆ. ಈ ಕಾಯಿದೆಯು ಬೊಕ್ಕಸಕ್ಕೆ ಹಣ ಕೂಡಿಸಲು ಬಂದದ್ದೆ ಹೊರತು ಎದುರಾಳಿಯ ಕೈಗೆ ಆಯುಧ ಕೊಡಲು ಬಂದದ್ದಲ್ಲವೆಂದು 1969ರಲ್ಲಿಯೇ ಸುಪ್ರೀಂ ಕೋರ್ಟು ಹೇಳಿತ್ತು. 2023ರ ಡಿಸೆಂಬರಿನಲ್ಲಿ ಏಳು ನ್ಯಾಯಮೂರ್ತಿಗಳ ಪೀಠವು ಮುದ್ರಾಂಕದ ಕೊರತೆಯು ಸರಿಪಡಿಸಬಹುದಾದ ದೋಷವೆಂದು ಮತ್ತೆ ಸಾರಿತು. ಆದರೆ ಸರಿಪಡಿಸಲು ಮೂಲಪತ್ರವೇ ಕೈಯಲ್ಲಿರಬೇಕು. ಜೆರಾಕ್ಸ್ ಪ್ರತಿಯ ಮೇಲೆ ಮುದ್ರಾಂಕವನ್ನೂ ದಂಡವನ್ನೂ ಕಟ್ಟಿಸಿಕೊಂಡು ಅದನ್ನು ಊರ್ಜಿತಗೊಳಿಸಲಾಗದೆಂದು 2007ರಲ್ಲಿ ತೀರ್ಪಾಗಿದೆ. ಗೆದ್ದಲು ತಿಂದ ಮೂಲಪತ್ರಕ್ಕೆ ಮದ್ದಿಲ್ಲ.

ನೋಂದಣಿಯಾಗದ ದೋಷ ಇನ್ನೂ ಗಟ್ಟಿಯಾದದ್ದು. ₹100 ಮತ್ತು ಅದಕ್ಕೆ ಮೇಲ್ಪಟ್ಟ ಬೆಲೆಯ ಸ್ಥಿರಾಸ್ತಿಯ ಕ್ರಯವು ನೋಂದಾಯಿತ ಪತ್ರದಿಂದಲೇ ಆಗಬೇಕು. ಕರಾರುಪತ್ರವು ಮುಂದೆ ಮಾರುವೆನೆಂಬ ಮಾತು, ಮಾರಿದ್ದಲ್ಲ. ಹಿಂದೆ, ಹಣ ಕೊಟ್ಟು ಸ್ವಾಧೀನದಲ್ಲಿರುವವನಿಗೆ ನೋಂದಣಿಯಿಲ್ಲದ ಕರಾರೂ ಒಂದು ಗುರಾಣಿಯಾಗುತ್ತಿತ್ತು. 2001ರ ಸೆಪ್ಟೆಂಬರ್ 24ರಿಂದ ಆ ಗುರಾಣಿ ಬೇಕಾದರೆ ಕರಾರು ಕೂಡ ನೋಂದಣಿಯಾಗಿರಬೇಕು. ನಮ್ಮ ಗಿರಣಿಯ ಯಜಮಾನರ ಕಾಗದ 2004ರದು. ಆದ್ದರಿಂದ ಆ ಆಸರೆ ಅವರಿಗೆ ಸಿಗಲಿಲ್ಲ. ಉಳಿದದ್ದು ‘ಮಾತಿನಂತೆ ಖರೀದಿಪತ್ರ ಮಾಡಿಸಿಕೊಡಿ’ ಎಂದು ಕೇಳುವ ದಾವೆ. ಅದಕ್ಕೆ ಗೊತ್ತುಮಾಡಿದ ದಿನದಿಂದ, ದಿನ ಗೊತ್ತುಮಾಡಿಲ್ಲದಿದ್ದರೆ ಎದುರಿನವರು ನಿರಾಕರಿಸಿದ್ದು ತಿಳಿದ ದಿನದಿಂದ, ಮೂರು ವರ್ಷದ ಅವಧಿ ಮಾತ್ರ.

ಪರಸ್ಥಳದಲ್ಲಿರುವ ನಮಗೆಂದೇ ಕಾದಿರುವ ತೊಡಕುಗಳು ಇನ್ನು ನಾಲ್ಕಿವೆ.

ಒಂದು, ಯಾವ ರಾಜ್ಯದ ಮುದ್ರಾಂಕ ಎಂಬುದು. ಊರಿನ ಮನೆಯ ಹಕ್ಕುಬಿಡುಗಡೆ ಪತ್ರವನ್ನು ಮುಂಬಯಿಯಲ್ಲಿ ಇಲ್ಲಿಯ ಮುದ್ರಾಂಕದ ಮೇಲೆ ಬರೆದು ಅಂಚೆಯಲ್ಲಿ ಕಳಿಸುತ್ತಾರೆ. ಆಸ್ತಿ ಕರ್ನಾಟಕದಲ್ಲಿದ್ದರೆ, ಪತ್ರವು ಅಲ್ಲಿ ಬಂದು ಸೇರಿದಾಗ ಅಲ್ಲಿಯ ದರವೇ ಅನ್ವಯಿಸುತ್ತದೆ. ಇಲ್ಲಿ ಕಟ್ಟಿದ್ದನ್ನು ಕಳೆದು ಉಳಿದದ್ದನ್ನು ಅಲ್ಲಿ ಕಟ್ಟಬೇಕು. ಸಂಶಯವಿದ್ದರೆ, ಇಂಥ ಪತ್ರಕ್ಕೆ ಎಷ್ಟು ಮುದ್ರಾಂಕವೆಂದು ಅಧಿಕಾರಿಯಿಂದಲೇ ಮುಂಚೆ ನಿರ್ಣಯ ಪಡೆಯಲು ಎರಡು ರಾಜ್ಯಗಳ ಕಾಯಿದೆಯಲ್ಲೂ ಅವಕಾಶವಿದೆ.

ಎರಡು, ಮುಖ್ತ್ಯಾರನಾಮೆ. ರಜೆ ಸಿಗದು, ರೈಲಿನ ಖರ್ಚು ಹೆಚ್ಚು. ಊರಿನಲ್ಲಿರುವ ಭಾವಮೈದುನನಿಗೆ ಅಧಿಕಾರ ಬರೆದು ಕೊಡುತ್ತೇವೆ. ತಪ್ಪಿಲ್ಲ. ಆದರೆ ನಮ್ಮ ಪರವಾಗಿ ನೋಂದಣಿಗೆ ಪತ್ರ ಹಾಜರುಪಡಿಸುವ ಅಧಿಕಾರವನ್ನು, ನಾವು ವಾಸಿಸುವ ಸೀಮೆಯ ಉಪನೋಂದಣಾಧಿಕಾರಿಯ ಮುಂದೆ ಬರೆದು ಅವರಿಂದ ದೃಢೀಕರಿಸಿಕೊಳ್ಳಬೇಕು. ನೋಟರಿಯ ಮುದ್ರೆಯೊಂದೇ ಇದಕ್ಕೆ ಸಾಲದು. ಬರೆದುಕೊಟ್ಟವರು ತೀರಿಕೊಂಡರೆ ಆ ಅಧಿಕಾರವೂ ಸಾಮಾನ್ಯವಾಗಿ ಅಲ್ಲಿಗೇ ಮುಗಿಯಿತು. ಇನ್ನು, ಖರೀದಿಪತ್ರದ ಖರ್ಚು ಉಳಿಸಲೆಂದು ಮುಖ್ತ್ಯಾರನಾಮೆಯ ಮೂಲಕವೇ ಮನೆ ಕೊಳ್ಳುವ ಪದ್ಧತಿ ಇದೆಯಲ್ಲ, ಅದರಿಂದ ಒಡೆತನ ಬಾರದೆಂದು ಸುಪ್ರೀಂ ಕೋರ್ಟು 2011ರಲ್ಲಿ ಖಂಡಿತವಾಗಿ ಹೇಳಿದೆ.

ಮೂರು, ಪಾಲುಪಟ್ಟಿ. ದೀಪಾವಳಿಗೆ ಎಲ್ಲರೂ ಸೇರಿದಾಗ ಅಣ್ಣತಮ್ಮಂದಿರು ಒಂದು ಹಾಳೆಯ ಮೇಲೆ ಇದು ನಿನಗೆ, ಇದು ನನಗೆ ಎಂದು ಬರೆದುಕೊಳ್ಳುತ್ತಾರೆ. ಹಿಂದೆಯೇ ಆಗಿಹೋದ ಹಂಚಿಕೆಯ ನೆನಪಿಗಾಗಿ ಬರೆದಿಟ್ಟ ಟಿಪ್ಪಣಿಗೆ ನೋಂದಣಿ ಬೇಡವೆಂದು 1976ರ ತೀರ್ಪಿದೆ. ಆದರೆ ಆ ಹಾಳೆಯೇ ಪಾಲು ಮಾಡುವುದಾದರೆ ನೋಂದಣಿ ಬೇಕು. ಅಕ್ಕತಂಗಿಯರ ಮಾತಂತೂ ಈಗ ಬೇರೆಯೇ ಆಗಿದೆ. 2005ರ ತಿದ್ದುಪಡಿಯಿಂದ ಪಿತ್ರಾರ್ಜಿತದಲ್ಲಿ ಮಗಳಿಗೂ ಮಗನಷ್ಟೇ ಹಕ್ಕು. 2004ರ ಡಿಸೆಂಬರ್ 20ಕ್ಕೆ ಮುಂಚಿನ ಪಾಲನ್ನು ಕಾಯಿದೆ ಒಪ್ಪಬೇಕಾದರೆ ಅದು ನೋಂದಾಯಿತ ಪತ್ರದಿಂದಲೋ ನ್ಯಾಯಾಲಯದ ಡಿಕ್ರಿಯಿಂದಲೋ ಆಗಿರಬೇಕು. ಬಾಯಿಮಾತಿನ ಪಾಲು ಆಗಿತ್ತೆಂಬ ವಾದವನ್ನು ಸರ್ಕಾರಿ ದಾಖಲೆಗಳ ಆಧಾರವಿರುವ ಅಪೂರ್ವ ಪ್ರಸಂಗಗಳಲ್ಲಿ ಮಾತ್ರ ಒಪ್ಪಬಹುದೆಂದು 2020ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ತಂಗಿಯ ಸಹಿಯನ್ನು ಬಳೆ ಸೀರೆ ಕೊಟ್ಟು ಪಡೆಯುವ ಕಾಲ ಮುಗಿಯಿತು. ಅವಳನ್ನು ಕೂರಿಸಿಕೊಂಡು, ಪತ್ರವನ್ನು ಅವಳಿಗೆ ಓದಿ ಹೇಳಿ, ಅವಳ ಮನಸ್ಸನ್ನು ತಿಳಿದು ಬರೆಯುವುದೇ ಧರ್ಮವೂ ಹೌದು, ಜಾಣತನವೂ ಹೌದು.

ನಾಲ್ಕು, ಇಲ್ಲಿಯ ನಮ್ಮ ಗೂಡುಗಳು. ಮಹಾರಾಷ್ಟ್ರದಲ್ಲಿ 1985ರ ಡಿಸೆಂಬರ್ 10ರಿಂದ ಸ್ವಾಧೀನ ಕೊಡುವ ಕರಾರನ್ನು ಕ್ರಯಪತ್ರದಂತೆಯೇ ಎಣಿಸಿ ಮುದ್ರಾಂಕ ಕೇಳುತ್ತಾರೆ. ಆ ಕಾಲದಲ್ಲಿ ಡೊಂಬಿವಲಿಯಲ್ಲೋ ಠಾಣೆಯಲ್ಲೋ ಫ್ಲ್ಯಾಟು ಕೊಂಡ ಎಷ್ಟೋ ಜನರಿಗೆ ಇದು ತಿಳಿದದ್ದು ಮಾರಲು ಹೊರಟಾಗ. ಇಲ್ಲಿ ದಂಡವು ತಿಂಗಳ ಲೆಕ್ಕದಲ್ಲಿ ಬೆಳೆಯುತ್ತದೆ. 1980ರಿಂದ 2020ರವರೆಗಿನ ಪತ್ರಗಳಿಗೆ ರಿಯಾಯಿತಿ ಕೊಡುವ ಅಭಯ ಯೋಜನೆಯೊಂದು 2023ರ ಡಿಸೆಂಬರಿನಲ್ಲಿ ಆರಂಭವಾಗಿ 2024ರಲ್ಲಿ ಮುಗಿದುಹೋಯಿತು. ಅದು ನಡೆಯುತ್ತಿದ್ದಾಗ ಪೆಟ್ಟಿಗೆ ತೆರೆದವರು ಬಚಾವಾದರು.

ಬೆಲೆಯ ತಕರಾರಿನ ಬಗ್ಗೆಯೂ ಒಂದು ಮಾತು. ಪತ್ರದಲ್ಲಿ ಬರೆದ ಬೆಲೆ ಕಡಿಮೆಯೆಂದು ತೋರಿದರೆ ನೋಂದಣಾಧಿಕಾರಿಯು ಅದನ್ನು ಮೇಲಿನವರಿಗೆ ಒಪ್ಪಿಸಬಹುದು. ಕರ್ನಾಟಕದಲ್ಲಿ ಮಾರ್ಗಸೂಚಿ ಬೆಲೆ, ಇಲ್ಲಿ ರೆಡಿ ರೆಕನರ್ ಎಂಬ ಪಟ್ಟಿ ಅದಕ್ಕೆ ಅಳತೆಗೋಲು. ಬೆಲೆ ಮುಚ್ಚಿಟ್ಟು ಮುದ್ರಾಂಕ ಉಳಿಸುವುದನ್ನು ನಾವು ಸಮರ್ಥಿಸುವುದಿಲ್ಲ, ಅದು ಕಳ್ಳತನ. ಆದರೆ ಪ್ರಾಮಾಣಿಕವಾಗಿ ಕಡಿಮೆ ಬೆಲೆಗೆ ಕೊಂಡವರು ನೋಟೀಸು ಬಂತೆಂದು ಗಾಬರಿಯಾಗಬೇಕಿಲ್ಲ. ಜಾಗಕ್ಕೆ ದಾರಿಯಿಲ್ಲ, ಮಳೆಗಾಲದಲ್ಲಿ ನೀರು ನಿಲ್ಲುತ್ತದೆ, ಬಾಡಿಗೆದಾರರು ಬಿಡರು ಎಂಬುದಕ್ಕೆ ಪುರಾವೆ ಒಯ್ದು ಹೇಳಿಕೊಳ್ಳುವ ಹಕ್ಕಿದೆ. ಮೇಲ್ಮನವಿಯ ಹಕ್ಕೂ ಇದೆ. ನೋಟೀಸನ್ನು ಒಡೆಯದೆ ಕಪಾಟಿನಲ್ಲಿಡುವವರಿಗೆ ಮಾತ್ರ ಯಾವ ಹಕ್ಕೂ ಉಳಿಯುವುದಿಲ್ಲ.

ಹಾಗಾದರೆ ಏನು ಮಾಡಬೇಕು? ಪೆಟ್ಟಿಗೆ ತೆಗೆಯಿರಿ. ಪತ್ರದ ಹಿಂಬದಿಯಲ್ಲಿ ನೋಂದಣಿಯ ಸಂಖ್ಯೆ, ತಾರೀಖು, ಕಚೇರಿಯ ಮುದ್ರೆ ಇವೆಯೆ ನೋಡಿ. ಬರೆದ ಪತ್ರವನ್ನು ನಾಲ್ಕು ತಿಂಗಳೊಳಗೆ ನೋಂದಣಿಗೆ ಹಾಜರುಪಡಿಸಬೇಕು. ತಕ್ಕ ಕಾರಣವಿದ್ದರೆ ದಂಡದೊಡನೆ ಇನ್ನೂ ನಾಲ್ಕು ತಿಂಗಳ ಅವಕಾಶ ಸಿಗಬಹುದು. ಆಸ್ತಿಯ ಮೇಲೆ ಸಾಲವಿದೆಯೆ, ಬೇರೆಯವರಿಗೆ ಮಾರಾಟವಾಗಿದೆಯೆ ಎಂಬುದನ್ನು ಋಣಭಾರ ಪ್ರಮಾಣಪತ್ರ ತೋರಿಸುತ್ತದೆ. ಕರ್ನಾಟಕದ ಕಾವೇರಿ ಜಾಲತಾಣದಲ್ಲಿ ಇಲ್ಲಿಂದಲೇ ಅದಕ್ಕೆ ಅರ್ಜಿ ಹಾಕಬಹುದು. ಪಹಣಿಯನ್ನು ಭೂಮಿ ವ್ಯವಸ್ಥೆಯಲ್ಲಿ ನೋಡಬಹುದು. ನೋಂದಣಿಯಾದ ಮೇಲೆ ಖಾತೆ ನಿಮ್ಮ ಹೆಸರಿಗೆ ಬಂದಿದೆಯೆ ಎಂದು ಮರೆಯದೆ ವಿಚಾರಿಸಿ. ನೋಂದಣಿಯೂ ಮಂತ್ರದಂಡವಲ್ಲ, ಮಾರಿದವನಿಗೇ ಹಕ್ಕಿಲ್ಲದಿದ್ದರೆ ಸರ್ಕಾರದ ಮುದ್ರೆ ಆ ಹಕ್ಕನ್ನು ಹುಟ್ಟಿಸದು. ಆದ್ದರಿಂದ ಹಿಂದಿನ ಪತ್ರಗಳ ಸರಣಿಯನ್ನೂ ಓದಿಸಿ ನೋಡಬೇಕು.

ಮನೆಯಲ್ಲಿ ಹಾಸಿಗೆ ಹಿಡಿದ ಹಿರಿಯರಿದ್ದರೆ, ತಕ್ಕ ಕಾರಣ ತೋರಿಸಿ ನೋಂದಣಾಧಿಕಾರಿಯನ್ನು ಮನೆಗೇ ಬರಮಾಡಿಕೊಳ್ಳಲು ಕಾಯಿದೆಯಲ್ಲಿ ಅವಕಾಶವಿದೆ. ಮರಣಶಾಸನಕ್ಕೆ ಮುದ್ರಾಂಕವೇ ಬೇಡ. ನೋಂದಣಿಯೂ ಕಡ್ಡಾಯವಲ್ಲ, ಆದರೂ ಮಾಡಿಸುವುದು ಲೇಸು. ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿ ಫಲವಿಲ್ಲ.

ಆ ಧಾರವಾಡದ ಮನೆತನದ ಕಥೆ ಎಲ್ಲಿಗೆ ಬಂತು ಎಂದು ನೀವು ಕೇಳುವಿರಿ. ಕೆಲವು ವರ್ಷ ಅಲೆದಾಡಿದ ಮೇಲೆ ಎರಡು ಕಡೆಯವರೂ ರಾಜಿಯಾದರು. ಜಾಗದಲ್ಲಿ ಅರ್ಧ ಬಿಟ್ಟುಕೊಟ್ಟು, ಉಳಿದರ್ಧಕ್ಕೆ ಇಂದಿನ ಮಾರ್ಗಸೂಚಿ ಬೆಲೆಯ ಮೇಲೆ ಮುದ್ರಾಂಕ ತೆತ್ತು, ಖರೀದಿಪತ್ರ ನೋಂದಣಿಯಾಯಿತು. ಆದರೆ ಈಗ ಒಂದು ಮನೆಯ ಮದುವೆಗೆ ಇನ್ನೊಂದು ಮನೆಯವರು ಹೋಗುವುದಿಲ್ಲ. ‘ನಂಬಿಕೆ ಇಲ್ಲವೇ ಎಂದಾರು’ ಎಂದು ಅಂಜಿ ಬಿಟ್ಟ ಒಂದು ಸಹಿಯಿಂದ, ಇದ್ದ ನಂಬಿಕೆಯೇ ಹೋಯಿತು. ಅಣ್ಣನ ಮಗ ಸುಳ್ಳುಗಾರನಾಗಿರಲಿಲ್ಲ. ಬದುಕಿರುವಾಗ ಕರೆದಿದ್ದರೆ ಮರುದಿನವೇ ಬಂದು ಸಹಿ ಹಾಕುತ್ತಿದ್ದ. ನಂಬಿಕೆಯಿರುವ ಕಾಲದಲ್ಲಿ ಬರೆದ ಪತ್ರವೇ ನಂಬಿಕೆಯನ್ನು ಮುಂದಿನ ತಲೆಗೆ ದಾಟಿಸುತ್ತದೆ.

ಕೊನೆಯದಾಗಿ ಇನ್ನೊಂದು. ಆ ತಾಯಿಯ ಮಗ ನಮ್ಮ ಕೋಣೆಗೆ ಮೊದಲ ಸಲ ಬಂದಾಗ ಆ ಕರಾರನ್ನು ನಮ್ಮ ಮುಂದಿಟ್ಟು, “ಕಾಕಾ, ಇದರಾಗ ಏನ್ ಬರ್ದಾರ?” ಎಂದು ಕೇಳಿದ. ದೊಡ್ಡ ನೌಕರಿಯಲ್ಲಿರುವ ಹುಡುಗ, ಮನೆಯಲ್ಲಿ ಕನ್ನಡ ಮಾತಾಡುತ್ತಾನೆ, ಅಕ್ಷರ ಬಾರದು. ಅಪ್ಪ ಬೆವರು ಸುರಿಸಿ ಗಳಿಸಿದ್ದನ್ನು ಹೇಳುವ ಕಾಗದ ಹದಿನೈದು ವರ್ಷ ಅವನ ತಲೆಯ ಬಳಿಯೇ ಇತ್ತು, ಅವನು ಓದಲಾರದವನಾಗಿದ್ದ. ‘ತಾವು ಕರೆದಾಗ ಖರೀದಿಪತ್ರ ಮಾಡಿಕೊಡುತ್ತೇನೆ’ ಎಂಬ ಸಾಲನ್ನು ನಾವು ಬೆರಳಿಟ್ಟು ಓದಿ ಹೇಳಿದೆವು. ಅವನು ಬಹಳ ಹೊತ್ತು ಮಾತಾಡಲಿಲ್ಲ.

ನಮ್ಮ ಸಂಘದ ಕನ್ನಡ ತರಗತಿಗೆ ಮಕ್ಕಳನ್ನು ಕಳಿಸಿರೆಂದು ಪ್ರತಿ ವರ್ಷ ಈ ವೇದಿಕೆಯಿಂದ ಕೇಳಿಕೊಳ್ಳುತ್ತಿದ್ದೇವೆ. ಹಾಡಿಗಾಗಿ, ನಾಟಕಕ್ಕಾಗಿ ಎನ್ನುತ್ತಿದ್ದೆವು. ಈ ವರ್ಷ ಇದನ್ನೂ ಸೇರಿಸಿ ಕೇಳುತ್ತೇವೆ: ಊರಿನ ಪಹಣಿ ಕನ್ನಡದಲ್ಲಿದೆ, ಅಜ್ಜನ ಕ್ರಯಪತ್ರ ಕನ್ನಡದಲ್ಲಿದೆ, ಅದನ್ನು ಓದುವಷ್ಟಾದರೂ ಕಲಿಸೋಣ. ಈ ಹಬ್ಬ ಮುಗಿದು ಮನೆಗೆ ಹೋದ ಮೇಲೆ ಪೆಟ್ಟಿಗೆ ತೆರೆದು, ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಂಡು, ಆ ಕಾಗದವನ್ನು ಒಮ್ಮೆ ಗಟ್ಟಿಯಾಗಿ ಓದಿರಿ. ಕೊರತೆ ಕಂಡರೆ ಭಾನುವಾರ ನಮ್ಮ ಕೋಣೆಗೆ ತನ್ನಿರಿ.

 ಸಿರಿಗನ್ನಡಂ ಗೆಲ್ಗೆ.